ಶೆಟ್ಟರು ಮಲಗಿ ನೋಡಿದ ಟೈಲ್ಸ್

— ಹ್ವಾಯ್, ಏಳಿ. ಇದ್ ಅಂಗಡಿ, ನಮ್ಮನಿ ಅಲ್ಲ.

— ತಡಿ ಮಾರಾಯ್ತಿ. ಬೆನ್ನ್ ಇನ್ನೂ ಎಂತದೂ ಹೇಳ್ಲಿಲ್ಲೆ.

ಕುಂದಾಪುರದ ಹೆದ್ದಾರಿ ಬದಿಯ ಟೈಲ್ಸ್ ಅಂಗಡಿ. ನೆಲಕ್ಕೆ ಹಾಸಿಟ್ಟ ಮಾದರಿಯ ಮೇಲೆ ವಂಡ್ಸೆಯ ರವಿಚಂದ್ರ ಶೆಟ್ಟರು ಅಂಗಾತ ಮಲಗಿದ್ದರು. ತಲೆಯ ಬಳಿ ಹೆಂಡತಿ ಪ್ರಫುಲ್ಲಾ, ಕಾಲಿನ ಬಳಿ ಅಂಗಡಿಯ ರತೀಶ. ದೂರದಿಂದ ಕಂಡವರು ನೆಂಟರಿಗೆಲ್ಲ ಫೋನು ಮಾಡುವ ಹಾಗಿತ್ತು.

ವಿಷಯ ಇಷ್ಟೇ. ಮುಂಬಾಗಿಲಿನಿಂದ ಒಳಗೆ ಹೋಗುವ ಪಡಸಾಲೆಯ ಹಳೇ ಕೆಂಪು ನೆಲ ಬಿರುಕು ಬಿಟ್ಟಿತ್ತು, ಹೊಸತು ಹಾಕಬೇಕು. ಆದರೆ ಮಧ್ಯಾಹ್ನದ ಊಟವಾದ ಮೇಲೆ ಶೆಟ್ಟರು ಮಲಗುವುದು ಅಲ್ಲೇ. ಮುಂದಿನ ಬಾಗಿಲಿನ ಗಾಳಿ ಹಿಂದಿನ ಬಾಗಿಲಿಗೆ ಹೋಗುವ ದಾರಿ ಅದು. ಮುಂಬೈಯ ಹೋಟೆಲಿನ ಗಲ್ಲೆಯಲ್ಲಿ ಇಪ್ಪತ್ತೆರಡು ವರ್ಷ ಕೂತಲ್ಲೇ ತೂಕಡಿಸಿದವರಿಗೆ ಉದ್ದಕ್ಕೆ ಮಲಗುವುದೇ ಪಿಂಚಣಿ. ಗಾಳಿಯ ದಾರಿಯೇ ನೆಂಟರ ದಾರಿಯೂ ಆಗಿದ್ದದ್ದು ಪ್ರಫುಲ್ಲಾರ ದೂರು.

— ಕಳ್ದ ವಾರ ಉಮಾವತಿ ಅತ್ತಿ ಬಂದಿದ್ರ್. ಇವ್ರನ್ನ್ ದಾಟುಕಾಗ್ದೆ ಕೊಟ್ಟಿಗಿ ಬದಿಯಿಂದ ಸುತ್ತ್ ಹಾಕಿ ಅಡ್ಗಿಮನಿಗೆ ಬಂದ್ರ್.

— ಸುತ್ತ್ ಹಾಕಿರೆ ಎಂತಾಯ್ತ್? ದೇವಸ್ಥಾನದಲ್ಲಿ ಹಾಕುದಿಲ್ಯಾ?

— ದೇವ್ರ್ ಗೊರ್ಕಿ ಹೊಡುದಿಲ್ಲೆ.

ರತೀಶ ಕನ್ನಡಿಯಂತೆ ಹೊಳೆಯುವುದನ್ನು ತೋರಿಸಿದ. ಪ್ರಫುಲ್ಲಾ, ಒದ್ದೆ ಕಾಲಿಗೆ ಜಾರುತ್ತದೆ ಎಂದರು. ಮಲಗಿದವನು ಎಲ್ಲಿಗೆ ಜಾರುತ್ತಾನೆ ಎಂದು ಶೆಟ್ಟರು ಕೇಳಿದರು. ಮರದ ಚಿತ್ರವಿದ್ದದ್ದನ್ನು ಶೆಟ್ಟರೇ ಬೇಡವೆಂದರು, ತಂಪಿಲ್ಲವಂತೆ. ಟೈಲ್ಸನ್ನು ಗಿರಾಕಿಗಳು ಬೆರಳಲ್ಲಿ ಕುಟ್ಟಿ ನೋಡುತ್ತಾರೆ, ಚಪ್ಪಲಿಯಲ್ಲಿ ಉಜ್ಜಿ ನೋಡುತ್ತಾರೆ, ಬೆನ್ನಿಗೆ ಕಂಪೆನಿಯವರು ಗ್ಯಾರಂಟಿ ಕೊಡುವುದಿಲ್ಲ ಎಂದು ರತೀಶ ಮೆಲ್ಲಗೆ ಹೇಳಿ ನೋಡಿದ.

ಅಷ್ಟರಲ್ಲಿ ಪ್ರಫುಲ್ಲಾ ಮೂಲೆಗೆ ಹೋಗಿ, ಮೈಯೆಲ್ಲ ಗುಳ್ಳೆಯೆದ್ದ ಟೈಲ್ಸೊಂದರ ಮುಂದೆ ನಿಂತಿದ್ದರು.

— ಇದ್ ಆಯ್ಕ್.

— ಅಕ್ಕ, ಅದ್ ಪಾರ್ಕಿಂಗ್ ಟೈಲ್ಸ್. ಕಾರ್ ನಿಲ್ಸು ಜಾಗಕ್ಕೆ ಹಾಕುದ್.

— ನಮ್ಮನಿಯಲ್ಲೂ ದಿನಾ ಮಧ್ಯಾಹ್ನ ಒಂದ್ ಗಾಡಿ ನಿಲ್ಲತ್ತ್. ಇಂಜಿನ್ ಮಾತ್ರ ಬಂದ್ ಆತಿಲ್ಲೆ.

ಶೆಟ್ಟರು ಅದರ ಮೇಲೂ ಮಲಗಿದರು. ಅರ್ಧ ನಿಮಿಷದಲ್ಲಿ ಯಾರೂ ಕರೆಯದೆ ಎದ್ದರು.

— ಇದ್ ನೆಲ ಅಲ್ಲ, ಕಾಯಿ ತುರಿಯು ಹೆರ್ಮಣಿ. ನನ್ನನ್ನ್ ತೆಂಗಿನಕಾಯಿ ಅಂದ್ಕಂಡ್ಯಾ?

— ಹಂಗಾರೆ ಮನಿಕಂಬುದ್ ಬ್ಯಾಡ. ನಡ್ಕಂಡ್ ಹೋಪುಕೆ ಲಾಯ್ಕಿತ್ತ್.

ಅದೇ ಖಾಯಂ ಆಯಿತು. ನೆಲ ಹೋಯಿತು, ನೆಲೆಯೂ ಹೋಯಿತು ಎಂದು ಶೆಟ್ಟರು ರಿಕ್ಷಾದಲ್ಲಿ ಒಂದೇ ಮಾತು ಆಡಿದರಂತೆ.

ಟೈಲ್ಸ್ ಹಾಕಿ ಇಪ್ಪತ್ತು ದಿನ ಕಳೆದ ಮೇಲೆ ಪ್ರಫುಲ್ಲಾ ಒಬ್ಬರೇ ಅಂಗಡಿಗೆ ಬಂದರು. ಕಣ್ಣು ಕೆಂಪಗಿತ್ತು. ಟೈಲ್ಸ್ ಎದ್ದುಬಂತೇನೋ ಎಂದು ರತೀಶ ಹೆದರಿದ. ಹಾಗೇನಿಲ್ಲ, ಉಮಾವತಿ ಅತ್ತೆ ಮುಂಬಾಗಿಲಲ್ಲೇ ಬಂದು ಹೊಗಳಿ ಹೋಗಿದ್ದರು.

— ಮತ್ತೆಂತ ಅಕ್ಕ?

— ಇವ್ರೀಗ ನನ್ನ ಕೋಣಿಗೆ ಬಂದಿರ್. ಮಧ್ಯಾಹ್ನ ಒಂದ್ ಗಂಟಿ ನಾನ್ ಮನಿಕಂಬು ಜಾಗ ಅದ್. ಪಡಸಾಲಿಯಲ್ಲಾರೆ ಗೊರ್ಕಿ ಗಾಳಿಗ್ ಹೋತಿತ್ತ್. ಈಗ ಸೀದಾ ಕಿಮಿಗೆ. ಇಪ್ಪತ್ ದಿನದಿಂದ ಹಗ್ಲ್ ಕಣ್ಣ್ ಮುಚ್ಲಿಲ್ಲೆ ಮಾರಾಯ.

ಪಡಸಾಲೆಯ ಒಂದು ಬದಿಗೆ ನುಣುಪಾದ ಕಪ್ಪು ಕಡಪ ಕಲ್ಲು ಬೇಕಿತ್ತು. ಇನ್ನೊಂದು ಬದಿ ನೆಂಟರಿಗೆ. ಅಳತೆ ಕೇಳಿದಾಗ ಪ್ರಫುಲ್ಲಾ ಚೀಲದಿಂದ ಗಂಟು ಹಾಕಿದ ಹಗ್ಗ ತೆಗೆದರು. ಶೆಟ್ಟರು ಮಲಗಿದ್ದಾಗಲೇ ಅಳೆದದ್ದು.

— ಅಗ್ಲಕ್ಕೆ ಆರಿಂಚ್ ಜಾಸ್ತಿ ಇರ್ಲಿ. ಹಲ್ಸಿನ್ಹಣ್ಣಿನ ಸಮಯ ಬತ್ತಾ ಇತ್ತ್.

— ಕಲ್ಲ್ ಇಲ್ಲೇ ಹಾಸಿತ್ತ್, ಕಾಣಿ. ಶೆಟ್ರ್ ಬಂದ್ ಮನಿಕಂಡ್ ಕಾಂಬುದ್ ಬ್ಯಾಡ್ದಾ?

ಪ್ರಫುಲ್ಲಾ ಆಚೀಚೆ ನೋಡಿದರು. ಅಂಗಡಿಯಲ್ಲಿ ಬೇರೆ ಯಾರೂ ಇರಲಿಲ್ಲ. ಚೀಲವನ್ನು ತಲೆಗಿಟ್ಟುಕೊಂಡು, ತಂಪಿದೆಯೋ ಎಂದು ಒಂದೇ ನಿಮಿಷ ನೋಡುತ್ತೇನೆ ಎಂದು ಕಲ್ಲಿನ ಮೇಲೆ ಒರಗಿದರು.

ಕಾಲು ಗಂಟೆಯ ಮೇಲೆ ಗಿರಾಕಿಯೊಬ್ಬರು ಬಾಗಿಲಲ್ಲಿ ಚಪ್ಪಲಿ ಬಿಟ್ಟರು. ರತೀಶ ಬೆರಳನ್ನು ತುಟಿಗಿಟ್ಟು ಓಡಿಬಂದ.

— ಹ್ವಾಯ್, ಹಿಂದಿನ್ ಬಾಗ್ಲಿಂದ ಸುತ್ತ್ ಹಾಕಿ ಬನ್ನಿ. ಅಕ್ಕ ಕಲ್ಲ್ ಕಾಂತಾ ಇದ್ರ್.