ಷಡ್ಡಕರ ಎತ್ತು, ನನ್ನ ಮೋಟಾರು

ಹೊಟ್ಟೆಕಿಚ್ಚು ಕೆಟ್ಟದ್ದು ಎಂದು ಎಲ್ಲರೂ ಹೇಳುತ್ತಾರೆ. ಹೇಳುವವರಿಗೆ ಶರಣಪ್ಪನವರಂಥ ಷಡ್ಡಕ ಇಲ್ಲ, ಅಷ್ಟೇ.

ಶರಣಪ್ಪನವರು ನನ್ನ ಹೆಂಡತಿಯ ಅಕ್ಕನ ಗಂಡ. ಕಂಪ್ಲಿಯಲ್ಲಿ ಅಕ್ಕಿ ಗಿರಣಿ ಇಟ್ಟವರು. ನಾನು ಹೊಸಪೇಟೆಯ ಚಿತ್ತವಾಡ್ಗಿಯಲ್ಲಿ ಬಟ್ಟೆ ಅಂಗಡಿಯವನು. ಅವರು ಮೋಟಾರು ಕಾರು ಕೊಂಡರು. ಹಟ ಹಿಡಿದು ನಾನೂ ಕೊಂಡೆ. ನನ್ನದಕ್ಕೆ ಹಸಿರು ಬಣ್ಣ ಬಳಿಸಿ, ಹಿಂದುಗಡೆ ದೊಡ್ಡ ಅಕ್ಷರಗಳಲ್ಲಿ ನನ್ನ ಹೆಸರು ಬರೆಸಿದೆ. ಅವರ ಮೋಟಾರಿಗೆ ಹೆಸರಿರಲಿಲ್ಲ. ಅಂದು ನನಗೆ ಬಹಳ ಒಳ್ಳೆಯ ನಿದ್ದೆ ಬಂತು.

ಆ ನಿದ್ದೆ ಕೆಟ್ಟದ್ದು ಸಂಡೂರಿನಲ್ಲಿ, ನಮ್ಮ ಮಾವನವರ ಮನೆಯ ಪಡಸಾಲೆಯಲ್ಲಿ. ಮಾವನವರು ಹಂಪಿಗೆ ಹೋಗಿ ವಿರೂಪಾಕ್ಷನಿಗೆ ಹರಕೆ ಒಪ್ಪಿಸಬೇಕಾಗಿತ್ತು. ಯಾವ ಅಳಿಯನ ಮೋಟಾರು ಅವರನ್ನು ಹಂಪಿ ಬಜಾರಿನಲ್ಲಿ ಇಳಿಸುತ್ತದೋ ಅವನೇ ಅಳಿಯ, ಉಳಿದವನು ಹೆಸರಿಗೆ. ನಾನು ಬಾಯಿ ತೆರೆಯುವ ಮೊದಲೇ ಮಾವ ಹೇಳಿಬಿಟ್ಟರು.

"ನಾ ಶರಣಪ್ಪನ ಗಾಡ್ಯಾಗ ಹೋಗ್ತೀನ್ರಿ. ಅದು ದಾರ್ಯಾಗ ಕೆಟ್ರೂ ಚಿಂತಿಲ್ಲ. ಘಟ್ಟದ ಹತ್ರ ಫಕೀರಪ್ಪನ ಎತ್ತು ಆಯಕ್ಕ ಇಟ್ಟಾರ."

ನಮ್ಮ ಕಡೆಯ ರೈತರು ಸುಗ್ಗಿಯಲ್ಲಿ ಬಡಿಗನಿಗೆ, ಕಮ್ಮಾರನಿಗೆ ಇಷ್ಟು ಕಾಳು ಎಂದು ಅಳೆದು ಕೊಡುತ್ತಾರೆ. ಅದಕ್ಕೆ ಆಯ ಎನ್ನುತ್ತಾರೆ. ಆಮೇಲೆ ವರ್ಷವೆಲ್ಲ ನೇಗಿಲು ಮುರಿದರೂ ಅದರ ಕಬ್ಬಿಣದ ಕುಡ ಸವೆದರೂ ಪುಕ್ಕಟೆ ರಿಪೇರಿ. ಈ ಏರ್ಪಾಟನ್ನು, ಕೆಟ್ಟು ನಿಂತಾಗ ಎತ್ತು ಕಟ್ಟಿ ಎಳೆಸಲು, ಮೋಟಾರಿಗೂ ಹಚ್ಚಬಹುದು ಎಂದು ಇಡೀ ಸೀಮೆಯಲ್ಲಿ ಯಾರಿಗೂ ಹೊಳೆದಿರಲಿಲ್ಲ. ಶರಣಪ್ಪನವರಿಗೆ ಹೊಳೆದಿತ್ತು. ನನಗೇಕೆ ಹೊಳೆಯಲಿಲ್ಲ ಎಂಬ ಉರಿಗೆ ಅಂದು ಹೋಳಿಗೆಯೂ ರುಚಿಸಲಿಲ್ಲ. ಆದರೂ ಎರಡು ತಿಂದೆ.

ಊರಿಗೆ ಬಂದವನೇ ನಮ್ಮ ಅಂಗಡಿಯ ಆಳಿನ ಕೈಯಲ್ಲಿ ಫಕೀರಪ್ಪನಿಗೆ ಒಂದು ಚೀಲ ಭತ್ತ ಕಳಿಸಿದೆ. ಶರಣಪ್ಪನವರು ಕೊಟ್ಟದ್ದಕ್ಕಿಂತ ದೊಡ್ಡ ಚೀಲ. ಫಕೀರಪ್ಪ "ಆತು" ಅಂದನಂತೆ.

ನನ್ನ ಹೆಂಡತಿ ಗೌರಮ್ಮ ಕೇಳಿದಳು. "ಆಯ ಶುರು ಆಗೋದು ಯುಗಾದಿಗಲ್ಲೇನ್ರಿ? ಇನ್ನೂ ಸಂಕ್ರಾಂತಿನೇ ಬಂದಿಲ್ಲ."

"ಅದು ನೇಗಿಲಿಗೆ. ಮೋಟಾರಿಗೆ ಎಲ್ಲಿಯ ಯುಗಾದಿ?" ಎಂದೆ. ಮೋಟಾರು ವಿಲಾಯತಿಯದು, ಅದು ನಮ್ಮ ಪಂಚಾಂಗ ನೋಡುವುದಿಲ್ಲ ಎಂಬುದು ನನ್ನ ವಾದ. ಗೌರಮ್ಮ ಸುಮ್ಮನಾದಳು. ಅವಳು ಸುಮ್ಮನಾದಾಗಲೆಲ್ಲ ನಾನು ಗೆದ್ದೆ ಎಂದುಕೊಳ್ಳುವುದು ನನ್ನ ಹಳೆಯ ಚಾಳಿ.

ಭತ್ತದ ಸುದ್ದಿ ಕೇಳಿ ಮಾವ ಮನಸ್ಸು ಬದಲಿಸಿದರು. ಮರುವಾರ ಮುಂಜಾನೆ ಅವರನ್ನೂ ಗೌರಮ್ಮನನ್ನೂ ಕೂಡಿಸಿಕೊಂಡು ಸಂಡೂರು ಬಿಟ್ಟೆ. ಮಾವ ಕಣ್ಣು ಮುಚ್ಚಿ, ಎರಡೂ ಕೈಯಲ್ಲಿ ಸೀಟು ಹಿಡಿದು, ಶಿವಸ್ಮರಣೆ ಮಾಡುತ್ತ ಕುಳಿತರು. ಭಕ್ತಿ ಇರಬೇಕು ಎಂದು ತಿಳಿದೆ.

ಘಟ್ಟದ ಏರಿನಲ್ಲಿ ಮೋಟಾರು ಎರಡು ಸಲ ಕೆಮ್ಮಿ ನಿಂತಿತು. ಹ್ಯಾಂಡಲ್ ತಿರುವಿದೆ. ನನ್ನ ರಟ್ಟೆ ಉಳುಕಿತೇ ಹೊರತು ಮೋಟಾರು ಮಿಸುಕಲಿಲ್ಲ. ಆದರೆ ನಿಜ ಹೇಳುತ್ತೇನೆ, ನನಗೆ ಒಳಗೊಳಗೇ ಖುಷಿಯಾಯಿತು. ನನ್ನ ಏರ್ಪಾಟು ಮಾವನ ಕಣ್ಣೆದುರಿಗೇ ಕೆಲಸಕ್ಕೆ ಬರುತ್ತದಲ್ಲ! ಹೋಗಿ ಫಕೀರಪ್ಪನನ್ನು ಕರೆತಂದೆ.

ಅವನು ಎತ್ತು ಇಲ್ಲದೆ, ಬರಿಗೈಯಲ್ಲಿ ಬಂದ.

"ನಿಮ್ಮ ಆಯ ಯುಗಾದಿಯಿಂದ ರೀ, ಸಾವ್ಕಾರ್ರ."

"ಭತ್ತ ತಗೊಂಡಿಯಲ್ಲೋ?"

"ತಗೊಂಡೀನಿ, ಇಲ್ಲ ಅನ್ನಂಗಿಲ್ಲ. ಯುಗಾದಿ ಮರುದಿನ ನೀವು ಎಲ್ಲಿ ಕೆಟ್ಟು ನಿಂತ್ರೂ ಓಡಿ ಬರ್ತೀನಿ. ನೇಗಿಲು ಮುರಿಯೋ ಹೊತ್ತಿಗೆ ಕಾಳು ಕೊಟ್ರ ಬಡಿಗ್ಯಾರು ಒಪ್ತಾರೇನ್ರಿ?"

"ಹೋಗ್ಲಿ, ಕೂಲಿಗೆ ಕಟ್ಟು."

"ಆಯದ ಎತ್ತು ಕೂಲಿಗೆ ಕಟ್ಟಿದ್ರ ಶರಣಪ್ನೋರಿಗೆ ನಾ ಹೆಂಗ ಮಖ ತೋರ್ಸ್ಲಿ?"

ಇಲ್ಲಿಯೂ ಶರಣಪ್ಪನವರು! ಇಪ್ಪತ್ತು ಮೈಲಿ ಆಚೆ ಕಂಪ್ಲಿಯಲ್ಲಿ ಆರಾಮವಾಗಿ ಕುಳಿತು ಘಟ್ಟದಲ್ಲಿ ನನ್ನ ಮಾನ ಕಳೆಯುತ್ತಿದ್ದಾರೆ. ಆಗ ಮಾವನವರು ಕಣ್ಣು ತೆರೆದರು.

"ಲೇ ಫಕೀರಪ್ಪ, ನಾ ಶರಣಪ್ಪನ ಮಾವ. ಅವರ ಆಯದಾಗ ಎಳಿಯೋ."

"ಎಳೀತಿದ್ದೆ ಯಜಮಾನ್ರ. ಆದ್ರ ಆ ಆಯ ಅವರ ಮೋಟಾರಿಗೆ. ಇದು ಯಾರ ಮೋಟಾರು?"

ಮೂವರೂ ನನ್ನ ಮುಖ ನೋಡಿದರು. ಬಿಸಿಲು ಏರುತ್ತಿತ್ತು. ಮಾವನ ಹರಕೆ ತಪ್ಪಿದರೆ ನಾನು ಜನ್ಮವಿಡೀ ಹೆಸರಿಗಷ್ಟೇ ಅಳಿಯ. ಗೌರಮ್ಮ ಮೆಲ್ಲಗೆ ಕೆಳಗಿಳಿದು, ಮೋಟಾರಿನ ಹಿಂದೆ ಹೋಗಿ, ನನ್ನ ಹೆಸರಿನ ಮೇಲೆ ತನ್ನ ಶಾಲು ಹೊದಿಸಿದಳು.

"ಶರಣಪ್ಪನವರದ್ದು," ಎಂದೆ.

ಫಕೀರಪ್ಪನ ಎತ್ತುಗಳು ಬಂದವು. ಕೊಂಬಿಗೆ ಗೊಂಡೆ, ಕೊರಳಿಗೆ ಗೆಜ್ಜೆ. ಅವು ಎಳೆದಂತೆ ಮೋಟಾರು ಹೊರಟಿತು. ಮಾವನವರು ಸೀಟು ಬಿಟ್ಟು ಕಾಲು ಚಾಚಿದರು. ಎಲೆ ಅಡಿಕೆ ಹಾಕಿಕೊಂಡರು. ದಾರಿಯಲ್ಲಿ ಸಿಕ್ಕ ಪರಿಚಯದವರನ್ನೆಲ್ಲ ಹೆಸರು ಹಿಡಿದು ಮಾತಾಡಿಸಿದರು. "ಇದು ಗಾಡಿ ಅಂದ್ರ. ಏನು ಸುಖ! ಶರಣಪ್ಪ ಭಾಳ ಶಾಣ್ಯಾ," ಎಂದರು. ನಾನು ಎತ್ತುಗಳ ಬಾಲ ನೋಡುತ್ತ ಸ್ಟೇರಿಂಗ್ ಹಿಡಿದುಕೊಂಡಿದ್ದೆ.

ಹೊಸಪೇಟೆಯಲ್ಲಿ ಮೇಸ್ತ್ರಿ ಮೋಟಾರನ್ನು ಸರಿಮಾಡಿದ. ಅದು ಗುಡುಗುಡು ಎಂದೊಡನೆ ಮಾವನವರು ಇಳಿದು ನಿಂತರು.

"ಅದನ್ನ ಬಂದ್ ಮಾಡ್ರಿ. ಎತ್ತು ಕಟ್ಟಿಸ್ರಿ." ದಾರಿಯಲ್ಲಿ ಒಮ್ಮೆ ಕೆಟ್ಟರೆ ಊರು ಮುಟ್ಟಿಸುವ ತನಕ ಆಯದಲ್ಲೇ ಬರುತ್ತದೆ ಎಂದ ಫಕೀರಪ್ಪ.

ಹೀಗೆ ಚೆನ್ನಾಗಿದ್ದ ನನ್ನ ಮೋಟಾರನ್ನು ಎತ್ತುಗಳು ಹಂಪಿ ಬಜಾರಿನ ಉದ್ದಕ್ಕೂ ಎಳೆದವು. ಕಲ್ಲು ಮಂಟಪಗಳಲ್ಲಿ ಕುಳಿತಿದ್ದವರು ಎದ್ದು ಬಂದು "ಯಾರದಪ್ಪ ಮೋಟಾರು?" ಎಂದು ಕೇಳಿದರು. ಫಕೀರಪ್ಪ ಗುಡಿಯ ಗೋಪುರಕ್ಕೂ ಕೇಳುವಂತೆ ಹೇಳಿದ. "ಕಂಪ್ಲಿ ಶರಣಪ್ನೋರದು ರೀ."

ಯುಗಾದಿ ಬಂತು. ನನ್ನ ಆಯ ಶುರುವಾಯಿತು. ಅಂದಿನಿಂದ ನನ್ನ ಮೋಟಾರು ಒಂದು ಸಲವೂ ಕೆಟ್ಟಿಲ್ಲ. ಓಡುವ ಮೋಟಾರಿನಲ್ಲಿ ಮಾವನವರು ಕೂರುವುದಿಲ್ಲ, ಕೆಡದ ಮೋಟಾರಿಗೆ ಫಕೀರಪ್ಪ ಎತ್ತು ಕಟ್ಟುವುದಿಲ್ಲ. ಘಟ್ಟದ ಏರಿನಲ್ಲಿ ನಾನೇ ನಿಲ್ಲಿಸಿ, ಇಳಿದು, ಕೆಟ್ಟು ನಿಲ್ಲಪ್ಪ ಎಂದು ಅದರ ಮುಂದೆ ಕೈಮುಗಿದು ನೋಡಿದೆ. ಮತ್ತೆ ಹ್ಯಾಂಡಲ್ ಮುಟ್ಟಿದರೆ ಸಾಕು, ಹೊರಟೇಬಿಡುತ್ತದೆ.

ಮೊನ್ನೆ ಶರಣಪ್ಪನವರ ಮೋಟಾರು ಅದೇ ಜಾಗದಲ್ಲಿ ಕೆಟ್ಟು ನಿಂತಿತಂತೆ. ಸುದ್ದಿ ತಿಳಿದು ಮಾವನವರು ಸಂಡೂರಿನಿಂದ ಎಲೆ ಅಡಿಕೆ ಚೀಲ ಹಿಡಿದು ಬಂದು ಹತ್ತಿ ಕುಳಿತರಂತೆ.

ಆ ಮನುಷ್ಯನ ಅದೃಷ್ಟ ನೋಡಿದರೆ ನನಗೆ ಈಗಲೂ ಹೊಟ್ಟೆ ಉರಿಯುತ್ತದೆ.