ಅತ್ತೆಯ ತೋಟಕ್ಕೆ ನಾನಿಟ್ಟ ಬೂಟು

"ಅತ್ತೆ, ನಿಮ್ಮ ಗೇಮ್ ಯಂತ್ರ ಸ್ವಲ್ಪ ಹೊತ್ತು ನನ್ನ ಕೈಗೆ ಕೊಡಿ. ವಿಮಾನದ ಥರ ಓಡೋ ಹಾಗೆ ಮಾಡಿ ವಾಪಸ್ ಕೊಡ್ತೀನಿ!" ಎಂದು ಘೋಷಿಸಿದ ಮಹಾನುಭಾವ ನಾನೇ. ಕಚೇರಿಯಲ್ಲಿ ಯಾರ ಕಂಪ್ಯೂಟರ್ ಮುನಿಸಿಕೊಂಡರೂ ನನ್ನನ್ನೇ ಕರೆಯುತ್ತಾರೆ. ನಾನು ಹೋಗಿ ಆಫ್ ಮಾಡಿ ಆನ್ ಮಾಡುತ್ತೇನೆ, ಸರಿಹೋಗುತ್ತದೆ. ಇಷ್ಟು ವಿದ್ಯೆಯ ಮೇಲೆ ಎಷ್ಟು ಅಹಂಕಾರ ಕಟ್ಟಬಹುದೋ ಅಷ್ಟೂ ಮಹಡಿ ಕಟ್ಟಿದ್ದೆ.

ಹೆಂಡತಿಯ ತಾಯಿ ಮಂಡಿ ಆಪರೇಷನ್ ಆದ ಮೇಲೆ ನಮ್ಮಲ್ಲೇ ಇದ್ದಾರೆ. ಬೇಸರ ಕಳೆಯಲೆಂದು ನನ್ನ ಹೆಂಡತಿ ಕೊಡಿಸಿದ, ಅಂಗೈಯಗಲದ ಸೆಕೆಂಡ್ ಹ್ಯಾಂಡ್ ಯಂತ್ರದ ಆಟವೊಂದರಲ್ಲಿ ಅವರೊಂದು ತೋಟ ಮಾಡಿದ್ದರು. ಮನೆಯಲ್ಲಿ ಗೋಡೆ ಹಿಡಿದು ನಡೆಯುವ ಹೆಂಗಸು ಅದರೊಳಗೆ ಓಡಾಡಿ ಗುಲಾಬಿ ನೆಟ್ಟು, ಕೊಳ ತೋಡಿ, ಕೊಳದ ಪಕ್ಕ ಬೆಂಚು ಹಾಕಿಸಿದ್ದರು.

ಆ ಯಂತ್ರಕ್ಕೆ ಹಿಂದಿನ ಮಾಲೀಕ ಕಸ್ಟಮ್ ಫರ್ಮ್‌ವೇರ್ ಹಾಕಿದ್ದ. ಎಂದರೆ, ಕಂಪನಿ ಕೊಟ್ಟ ಬುದ್ಧಿಯ ಜಾಗದಲ್ಲಿ ಹೊರಗಿನವರು ಬರೆದ ಬುದ್ಧಿ. ಗುಂಡಿ ಒತ್ತಿದೊಡನೆ ಯಂತ್ರ ಮೊದಲು ಮೆಮೊರಿ ಕಾರ್ಡಿನಲ್ಲಿ ಬೂಟ್ ಫೈಲ್ ಎಂಬ ಪುಟ್ಟ ಫೈಲನ್ನು ಹುಡುಕುತ್ತದೆ. ಸಿಕ್ಕರೆ, ಅದು ಉಳಿದವರನ್ನೆಲ್ಲ ತಟ್ಟಿ ಎಬ್ಬಿಸುತ್ತದೆ. ಸಿಗದಿದ್ದರೆ ಇಡೀ ಮನೆ ಮಲಗಿಯೇ ಇರುತ್ತದೆ. ಇದೆಲ್ಲ ಈಗ ಗೊತ್ತು. ಆಗ ಗೊತ್ತಿದ್ದದ್ದು, ಹಳೆಯದು ತೆಗಿ, ಹೊಸದು ಹಾಕು, ಅಷ್ಟೇ!

ಹಳೆಯ ಬೂಟ್ ಫೈಲ್ ಅಳಿಸಿದೆ. ಹೊಸದನ್ನು ಇಳಿಸಿಕೊಂಡು, ಅಚ್ಚುಕಟ್ಟಾಗಿರಲೆಂದು ಒಂದು ಫೋಲ್ಡರ್ ಮಾಡಿ ಅದರೊಳಗೆ ಭದ್ರವಾಗಿಟ್ಟೆ. ಗುಂಡಿ ಒತ್ತಿದೆ. ಕಪ್ಪು! ಮತ್ತೆ ಒತ್ತಿದೆ. ಇನ್ನಷ್ಟು ಕಪ್ಪು! ತಪ್ಪು ನನ್ನದಿರಲು ಸಾಧ್ಯವೇ? ಕಾರ್ಡೇ ಕೆಟ್ಟಿದೆ ಎಂದು ತೀರ್ಪು ಕೊಟ್ಟು, ಅದರಲ್ಲಿದ್ದದ್ದನ್ನೆಲ್ಲ ಒರೆಸಿ ಫಾರ್ಮ್ಯಾಟ್ ಮಾಡಿಬಿಟ್ಟೆ. ಮತ್ತೆ ಫೈಲ್, ಮತ್ತೆ ಫೋಲ್ಡರ್, ಮತ್ತೆ ಕಪ್ಪು. ತೋಟವಿದ್ದದ್ದೂ ಅದೇ ಕಾರ್ಡಿನಲ್ಲಿ ಎಂದು ಹೊಳೆದಾಗ ನನ್ನ ಮುಖವೂ ಪರದೆಯ ಬಣ್ಣಕ್ಕೆ ತಿರುಗಿತು.

"ಆಯ್ತಾ ಅಳಿಯಂದ್ರೇ?"

"ಅಪ್‌ಡೇಟ್ ಆಗ್ತಿದೆ ಅತ್ತೆ. ಕಪ್ಪಗಿದ್ರೆ ಒಳ್ಳೇದು."

ಪಾಪ, ನಂಬಿದರು. ಯಂತ್ರವನ್ನು ತೊಡೆಯ ಮೇಲಿಟ್ಟುಕೊಂಡು ಕಾಯುತ್ತ ಕೂತರು.

ಔಷಧಿ ಅಂಗಡಿಯ ಕೆಲಸ ಮುಗಿಸಿ ಬಂದ ಹೆಂಡತಿ ಗುಂಡಿ ಒತ್ತಿ ನೋಡಿದಳು. "ಏನಮ್ಮ ಇದು? ಬೀಳಿಸಿದ್ಯಾ?"

ಅತ್ತೆ ನನ್ನ ಮುಖ ನೋಡಿದರು. ಬೆವರು ಕಂಡಿರಬೇಕು. "ಹ್ಞೂಂ ಕಣೆ, ಕೈ ಜಾರ್ತು."

"ಎಷ್ಟು ಸಲ ಹೇಳಿದೀನಿ! ಇನ್ಮೇಲೆ ನಿನ್ನ ಕೈಗೆ ಏನೂ ಕೊಡಲ್ಲ, ನೋಡು!"

ಆಗಲೇ ನಾನು ಬಾಯಿ ಬಿಡಬೇಕಿತ್ತು. ಬಿಡಲಿಲ್ಲ. ಪೇಪರ್ ಎತ್ತಿ ಮುಖಕ್ಕೆ ಅಡ್ಡ ಹಿಡಿದೆ. ಅದರ ಅಂಚಿನಿಂದ ಇಣುಕಿದರೆ ಅತ್ತೆ ಬೈಸಿಕೊಂಡ ಮಗುವಿನಂತೆ ತಲೆ ತಗ್ಗಿಸಿ ಬೆರಳು ಹಿಸುಕಿಕೊಳ್ಳುತ್ತಿದ್ದರು. ನೋಡಲಾಗಲಿಲ್ಲ.

"ನಾನೇ," ಎಂದೆ.

"ಏನು ನೀವೇ?"

"ಬೂಟ್ ಫೈಲ್ ಬದಲಾಯಿಸೋಕೆ ಹೋದೆ. ತೋಟಾನೇ ಹೋಯ್ತು."

"ಅಮ್ಮ ಬೈಸ್ಕೊಳ್ತಿದ್ರೆ ಪೇಪರ್ ಓದ್ತಾ ಕೂತಿದ್ರಾ? ಅದೂ ತಲೆಕೆಳಗೆ ಹಿಡ್ಕೊಂಡು!"

ಭೂಮಿ ಬಾಯಿ ಬಿಟ್ಟು ನುಂಗಬಾರದೇ ಎಂದುಕೊಂಡೆ. ನುಂಗಲಿಲ್ಲ. ಹೋದ ವರ್ಷವಷ್ಟೇ ಗಟ್ಟಿ ಟೈಲ್ಸ್ ಹಾಕಿಸಿದ್ದೆವು.

"ಆ ಬೂಟನ್ನ ಎಲ್ಲಿಟ್ರಿ?" ಅತ್ತೆ ಮೆಲ್ಲಗೆ ಕೇಳಿದರು.

"ಒಳಗೆ. ಫೋಲ್ಡರಲ್ಲಿ."

"ಬೂಟನ್ನ ಯಾರಾದ್ರೂ ಒಳಗಿಡ್ತಾರಾ? ಹೊರಗಿಡಿ."

ತಮಾಷೆಗೆ ಹೇಳಿದರೋ ನಿಜಕ್ಕೂ ಹೇಳಿದರೋ ತಿಳಿಯದು. ಹೊಸ ಫೈಲಿನ ಜೊತೆ ಬಂದಿದ್ದ ಸೂಚನೆಯನ್ನು ಮೊದಲ ಬಾರಿಗೆ ಓದಿದೆ. 'ಫೈಲನ್ನು ಯಾವ ಫೋಲ್ಡರಿನೊಳಗೂ ಇಡಬಾರದು' ಎಂದು ಮೊದಲ ಸಾಲಿನಲ್ಲೇ ಇತ್ತು! ಹೊರಗಿಟ್ಟೆ. ಪರದೆ ಬೆಳಗಿತು. ಆಟವನ್ನೂ ಮತ್ತೆ ಹಾಕಿದೆ. ಗುಲಾಬಿಯಿಲ್ಲ, ಕೊಳವಿಲ್ಲ, ಬೆಂಚಿಲ್ಲ, ಬರೀ ಬಯಲು.

"ಹೋಗ್ಲಿ ಬಿಡಿ, ಮತ್ತೆ ನೆಡ್ತೀನಿ. ಕೂತಲ್ಲೇ ಮಾಡೋ ಕೆಲಸ ತಾನೆ," ಎಂದರು ಅತ್ತೆ. ನಾಲ್ಕು ಮಾತು ಬೈದಿದ್ದರೆ ನಾನು ಬದುಕಿಕೊಳ್ಳುತ್ತಿದ್ದೆ!

ಹೊಸದಾಗಿ ತೋಟ ಶುರುಮಾಡುವವರಿಗೆ ಆ ಆಟದಲ್ಲಿ ಮಣ್ಣು ಹೊರಲು ಒಂದು ಕತ್ತೆ ಕೊಡುತ್ತಾರೆ, ಅದಕ್ಕೊಂದು ಹೆಸರಿಡಬೇಕು. ಅತ್ತೆ ಯೋಚಿಸಿ ಏನೋ ಬರೆದರು. ಮರುದಿನ ನಾನು ಕಚೇರಿಗೆ ಹೊರಡುವಾಗ ಹೆಂಡತಿ ಪರದೆ ನೋಡಿ ಗಟ್ಟಿಯಾಗಿ ಓದಿದಳು:

"ಅಮ್ಮಾ, 'ಅಳಿಯಂದ್ರು' ಇನ್ನೂ ಹುಲ್ಲು ತಿಂದಿಲ್ವಂತೆ!"

"ಹಾಕ್ತೀನಿ ತಡಿಯೇ," ಎಂದರು ಅತ್ತೆ ಒಳಗಿನಿಂದ. "ಪಾಪ, ಅವರಿಗೆ ಬುದ್ಧಿ ಸ್ವಲ್ಪ ಕಮ್ಮಿ, ಆದ್ರೆ ಮನಸ್ಸು ಚಿನ್ನ!"