ಕಾಕಾ ಕಾವಲಿದ್ದ ಗೆಣಸಿನ ತಪ್ಪಲೆ

ಅಂದು ಬೆಳಿಗ್ಗೆಯೂ ಎಂದಿನಂತೆ ಬಚ್ಚಲ ಹಂಡೆಗೆ ಬೆಂಕಿ ಹಾಕಿ, ತುಳಸಿಗೆ ನೀರೆರೆದು, ಹಾಲಿನ ತಂಬಿಗೆ ಒಳಗಿಟ್ಟು, ಒಲೆಯ ಬೂದಿ ತೆಗೆಯಲು ಕೂತೆ. ಎಂದಿನಂತೆಯೇ ನನ್ನ ಬೆನ್ನ ಹಿಂದೆ ಮಣೆಯೊಂದನ್ನು ದರದರನೆ ಎಳೆದ ಸದ್ದಾಯಿತು. ತಿರುಗಿ ನೋಡುವ ಅಗತ್ಯವೇ ಇರಲಿಲ್ಲ. ನಮ್ಮ ಕಾಕಾ ಅಡುಗೆಮನೆಯ ಹೊಸ್ತಿಲಾಚೆ ಮಣೆ ಹಾಕಿ ಕೂತರು ಎಂದರೆ ಕೋರ್ಟು ಶುರುವಾಯಿತು ಎಂದೇ ಅರ್ಥ!

ಕಾಕಾ ಎಂದರೆ ನಮ್ಮ ಯಜಮಾನರ ಚಿಕ್ಕಪ್ಪ. ಮದುವೆಯಾದವರಲ್ಲ. ಬಂದರಿನಲ್ಲಿ ಗುಮಾಸ್ತರಾಗಿದ್ದುಕೊಂಡು, ತಂದೆಯಿಲ್ಲದ ನಮ್ಮ ಯಜಮಾನರನ್ನೂ ಅವರ ತಂಗಿಯನ್ನೂ ಸಾಕಿ ದೊಡ್ಡವರನ್ನಾಗಿ ಮಾಡಿದವರು. ಇಡೀ ಕಾರವಾರದಲ್ಲಿ ಅವರಷ್ಟು ಅಡುಗೆ ಬಲ್ಲವರು ಇನ್ನೊಬ್ಬರಿಲ್ಲ. ಇದನ್ನು ನಾನು ಯಾರ ಮುಂದೆ ಬೇಕಾದರೂ ಹೇಳಬಲ್ಲೆ. ಒಂದೇ ಒಂದು ಸಣ್ಣ ಕೊರತೆ: ಅವರು ಜನ್ಮದಲ್ಲಿ ಒಂದು ದಿನವೂ ಒಲೆ ಹೊತ್ತಿಸಿದವರಲ್ಲ!

ಹೊತ್ತಿಸದಿದ್ದರೇನು? ತೆಂಗಿನಕಾಯಿ ಕೊಳ್ಳಲು ಹೋದರೆ ಒಂದೊಂದನ್ನೂ ಬೆರಳಿನಿಂದ ಬಡಿದು, ಕಿವಿಗೆ ಹಿಡಿದು, ಕಣ್ಣು ಮುಚ್ಚಿ, ಡಾಕ್ಟರರು ಎದೆ ನೋಡುವ ಹಾಗೆ ನೋಡುತ್ತಾರೆ. ಮೀನಿನಾಕೆ ಬುಟ್ಟಿ ಇಳಿಸಿದರೆ ಅಂಗಳದಲ್ಲಿ ಕುಕ್ಕರಗಾಲಿನಲ್ಲಿ ಕೂತು, ಒಂದೊಂದು ಬಂಗಡೆಯ ಮುಖವನ್ನೂ ಎತ್ತಿ ಕಣ್ಣಲ್ಲಿ ಕಣ್ಣಿಡುತ್ತಾರೆ. ಒಮ್ಮೆ ಆಕೆ ತಡೆಯಲಾರದೆ ಕೇಳಿಯೇಬಿಟ್ಟಳು: “ಒಡೆಯಾ, ಮೀನು ತಕಂಬೂಕೆ ಬಂದದ್ದೋ, ಹೆಣ್ಣು ನೋಡೂಕೆ ಬಂದದ್ದೋ? ಒಪ್ಪಿಗೆ ಇದ್ರೆ ಹೇಳಿ, ತಾಳಿ ತತ್ತೆ!”

ಒಳಗೆ ಸೌದೆ ಊದುತ್ತಿದ್ದ ನಾನು ನಗು ತಡೆಯಲು ಹೋಗಿ ಬೂದಿ ನುಂಗಿದೆ. ಕಾಕಾ ಮಾತ್ರ ನಗಲಿಲ್ಲ. “ಇದರ ಕಣ್ಣು ಮಂಕಾಗಿದೆ” ಎಂದು ಬಂಗಡೆಯನ್ನು ಬುಟ್ಟಿಗೆ ಹಾಕಿ ಎದ್ದರು. ಸಂಬಂಧ ಕೂಡಿಬರಲಿಲ್ಲ.

ಇಷ್ಟಾದರೆ ಸಹಿಸಿಕೊಳ್ಳಬಹುದಿತ್ತು. ಆದರೆ ಆ ದಿನಗಳಲ್ಲಿ ಅವರು ನನ್ನ ಅಡುಗೆಯ ಮೇಲೆಯೇ ಕತ್ತಿ ಮಸೆಯುತ್ತಿದ್ದರು. ಅಂಕೋಲೆಯವರು ಸರಕಾರದ ವಿರುದ್ಧ ಅಸಹಕಾರ ಹೂಡಿದ್ದ ಕಾಲವದು. ನಮ್ಮ ಕಾಕಾ ಹೂಡಿದ್ದು ನನ್ನ ಸಾರಿನ ವಿರುದ್ಧ! ಎಲೆಯ ಮುಂದೆ ಕೂತು ಎರಡು ತುತ್ತು ಬಾಯಿಗಿಡುವುದು, ಮುಖ ಗಂಟು ಹಾಕುವುದು, “ಎಂತದು ಇದು? ನೀರು!” ಎಂದು ಏಳುವುದು. ನನಗೆ ಸಂಶಯ ಬಂದು ಮರುದಿನ ಅದೇ ಸಾರನ್ನು ಹನಿ ಹೆಚ್ಚುಕಡಿಮೆಯಿಲ್ಲದೆ ಕಾಯಿಸಿ ಬಡಿಸಿದೆ. ಎರಡು ತುತ್ತು. “ಎಂತದು ಇದು? ಬೆಂಕಿ!”

ನೀವೇ ಹೇಳಿ, ನೀರೂ ಬೆಂಕಿಯೂ ಒಂದೇ ಪಾತ್ರೆಯಲ್ಲಿ ಇರಬಲ್ಲವೇ? ಕಾನ್ವೆಂಟಿನ ಮದರುಗಳ ಶಾಲೆಯಲ್ಲಿ ಕಲಿತವಳು ನಾನು. ತಟ್ಟೆಯಲ್ಲಿ ಅನ್ನ ಬಿಡುವುದು ಪಾಪವೆಂದೂ, ಬಡಿಸಿದವರಿಗೆ ಉಪಕಾರ ಹೇಳಬೇಕೆಂದೂ ನಮಗೆ ಅಲ್ಲಿ ಹೇಳಿಕೊಟ್ಟಿದ್ದರು. ಇದಿರು ಮಾತಾಡಬಾರದೆಂದೂ ಹೇಳಿಕೊಟ್ಟಿದ್ದರಿಂದ ನಾನು ಬಾಯಿ ಮುಚ್ಚಿ ಎಲೆ ಎತ್ತುತ್ತಿದ್ದೆ. ಎತ್ತುವಾಗ ಪಾತ್ರೆಗಳು ಸ್ವಲ್ಪ ಜೋರಾಗಿ ಸದ್ದು ಮಾಡುತ್ತಿದ್ದವು, ಅಷ್ಟೇ.

ಆದರೆ ಮನೆಯಲ್ಲಿ ಇದಕ್ಕಿಂತ ದೊಡ್ಡ ಚಿಂತೆಯೊಂದಿತ್ತು. ಅಂಕೋಲೆಗೆ ಕೊಟ್ಟ ನನ್ನ ನಾದಿನಿ ಚೊಚ್ಚಲು ಬಸುರಿಯಾಗಿ ತವರಿಗೆ ಬಂದಿದ್ದಳು. ಬಂದಂದಿನಿಂದ ಅವಳ ಹೊಟ್ಟೆಯಲ್ಲಿ ಗಂಜಿಯ ತಿಳಿಯೊಂದನ್ನು ಬಿಟ್ಟು ಏನೂ ನಿಲ್ಲುತ್ತಿರಲಿಲ್ಲ. ಒಗ್ಗರಣೆಯ ವಾಸನೆ ಬಂದರೆ ಓಕರಿಕೆ, ಮೀನಿನ ಹೆಸರೆತ್ತಿದರೆ ಓಕರಿಕೆ. ಕೈಬಳೆಗಳು ಮೊಣಕೈವರೆಗೆ ಜಾರುತ್ತಿದ್ದವು. ಡಾಕ್ಟರರು ನಾಲಗೆ ನೋಡಿ, “ಏನಾದರೂ ತಿನ್ನಲೇಬೇಕು. ಇಲ್ಲದಿದ್ದರೆ ತಾಯಿಗೂ ಕಷ್ಟ, ಮಗುವಿಗೂ ಕಷ್ಟ” ಎಂದು ಹೇಳಿ ಹೋಗಿದ್ದರು. ಏನಾದರೂ ಎಂದರೆ ಏನು? ಅದನ್ನು ಅವರು ಹೇಳಲಿಲ್ಲ. ನಾನು ಮಾಡದ್ದು ಉಳಿದಿರಲಿಲ್ಲ. ಅವಳು ಕಕ್ಕದ್ದೂ ಉಳಿದಿರಲಿಲ್ಲ.

ಹಾಗಿರುವಾಗ ಅಂದು ಬೆಳಿಗ್ಗೆ ಗೆಣಸಿನಾಕೆ ಬಂದಳು. ತುಳಸಿ ಮದುವೆ ಕಳೆದಿತ್ತು. ಆ ವರ್ಷದ ಮೊದಲ ಗೆಣಸು. ಕೆಂಪು ಸಿಪ್ಪೆಗೆ ಹಸಿಮಣ್ಣು ಇನ್ನೂ ಅಂಟಿಕೊಂಡಿತ್ತು. ಆಕೆ ಬುಟ್ಟಿ ಇಳಿಸಿದಾಗ ಒಳಕೋಣೆಯ ಕಿಟಕಿಯಿಂದ ಅತ್ತಿಗೆಯಾದ ನನ್ನನ್ನು ಕರೆಯುವ ನಾದಿನಿಯ ಸಣ್ಣ ದನಿ ಬಂತು: “ವೈನೀ, ಮಣ್ಣಿನ ಪರಿಮಳ ಬರ್ತದೆ. ಗೆಣಸು ತಿನ್ನುವಾ ಅನಿಸ್ತದೆ.”

ತಿನ್ನುವಾ ಅನಿಸ್ತದೆ! ಎಷ್ಟು ದಿನಗಳ ಮೇಲೆ ಆ ಮಾತು! ಬುಟ್ಟಿಯಲ್ಲಿದ್ದ ಅರ್ಧ ಗೆಣಸನ್ನು ನಾನು ಸೆರಗಿಗೇ ಸುರಿದುಕೊಂಡೆ. ಹೊಸ ಸೀರೆ ಎಂಬುದು ಆಮೇಲೆ ನೆನಪಾಯಿತು.

ಏನು ಮಾಡಬೇಕೆಂದು ನನಗೆ ಆ ಕ್ಷಣವೇ ಗೊತ್ತಾಯಿತು. ಶಾಲೆಯಲ್ಲಿ ಮದರ್ ಒಬ್ಬರು ಗೆಣಸನ್ನು ಪದರ ಪದರವಾಗಿ ಜೋಡಿಸಿ, ಹಾಲು ಸಕ್ಕರೆ ಬೆಣ್ಣೆ ಹಾಕಿ, ಸುತ್ತಲೂ ಶಾಖ ಕೊಡುವ ಕಬ್ಬಿಣದ ಗೂಡಿನಲ್ಲಿಟ್ಟು ಬೇಯಿಸುತ್ತಿದ್ದರು. ಕ್ಯಾಸರೋಲ್ ಎನ್ನುತ್ತಿದ್ದರು ಅದಕ್ಕೆ. ನಮ್ಮಲ್ಲಿ ಗೂಡು ಎಲ್ಲಿಂದ ಬರಬೇಕು? ತಪ್ಪಲೆಯ ಕೆಳಗೆ ಸಣ್ಣ ಉರಿ, ಮುಚ್ಚಳದ ಮೇಲೆ ಕರಟದ ಕೆಂಡ. ಬೆಣ್ಣೆಯ ಬದಲು ತುಪ್ಪ, ಸಕ್ಕರೆಯ ಬದಲು ಪಾಕದಂಥ ಅಂಕೋಲೆಯ ಜೋನಿಬೆಲ್ಲ, ಹಾಲಿನ ಬದಲು ತೆಂಗಿನಹಾಲು.

ಹೊಸ್ತಿಲಾಚೆಯಿಂದ ಕೋರ್ಟು ಕೇಳಿತು: “ಎಂತ ಮಾಡ್ತಿ?”

ಹೇಳಿದೆ.

“ಸೀ? ಬಸುರಿಗೆ ಸೀ ಕೊಡೂದಾ? ವಾಂತಿ ಆಗೂದಕ್ಕೆ ಬೇರೆ ಔಷಧ ಬೇಡ. ಗೆಣಸಿಗೆ ಉಪ್ಪು, ಮೆಣಸು, ಶುಂಠಿ, ಹಸಿಮೆಣಸು. ಅಷ್ಟೇ. ನನ್ನ ಅಬ್ಬೆ ಹಾಂಗೇ ಮಾಡೂದು.”

“ಕಾಕಾ, ಅವಳಿಗೆ ಖಾರದ ವಾಸನೆಯೇ ಆಗುವುದಿಲ್ಲವಲ್ಲ?”

“ನಿನ್ನ ಮದರಿಗೆ ಎಷ್ಟು ಮಕ್ಕಳು?”

ಸಂನ್ಯಾಸಿನಿಯ ವಿಷಯ ಎತ್ತಿ ಬ್ರಹ್ಮಚಾರಿಯೊಬ್ಬರು ಬಸುರಿಯ ಪಥ್ಯದ ವಾದ ಗೆಲ್ಲುವುದೆಂದರೆ! ಈಳಿಗೆಮಣೆ ಎಳೆದುಕೊಂಡೆ. ಅದನ್ನೇ ಸೋಲೆಂದು ತಿಳಿದ ಕಾಕಾ ಎರಡನೆಯ ತೀರ್ಪು ಕೊಟ್ಟರು: “ವರ್ಷದ ಹೊಸ ಗೆಣಸು. ದೇವರಿಗೆ ನೈವೇದ್ಯ ಆಗದೆ ಯಾರೂ ಬಾಯಿಗೆ ತಾಗಿಸೂಹಾಂಗಿಲ್ಲ. ಉಪ್ಪು ನೋಡ್ತೆ, ಸೀ ನೋಡ್ತೆ ಹೇಳಿ ನಾಲಗೆ ಚಾಚೂದಲ್ಲ. ಮೂಸೂದೂ ಅಲ್ಲ!”

ಇದೊಂದು ಮಾತಿಗೆ ನಾನು ತಲೆಬಾಗಲೇಬೇಕಿತ್ತು. ನೈವೇದ್ಯದ ಅಡುಗೆಯನ್ನು ಮೊದಲೇ ರುಚಿ ನೋಡಿದರೆ ಎಂಜಲು. ನಮ್ಮ ಮನೆಯಲ್ಲಿ ಅದು ಯಾವತ್ತೂ ನಡೆದದ್ದಿಲ್ಲ.

ಗೆಣಸನ್ನು ಸಿಪ್ಪೆಯೊಂದಿಗೆ ಅರೆಬೇಯಿಸಿ, ಸುಲಿದು, ಬಿಲ್ಲೆಗಳಾಗಿ ಕೊಯ್ದೆ. ತಪ್ಪಲೆಯ ತಳಕ್ಕೆ ಅರಿಶಿನದ ಎಲೆ ಹಾಸಿದೆ. ಒಂದು ಪದರ ಗೆಣಸು, ಅದರ ಮೇಲೆ ಬೆಲ್ಲ, ಏಲಕ್ಕಿ, ಗೇರುಬೀಜದ ಚೂರು, ಮತ್ತೆ ಗೆಣಸು. ಕೊನೆಯಲ್ಲಿ ಗಟ್ಟಿ ತೆಂಗಿನಹಾಲು ಸುರಿದು ಮುಚ್ಚಳವಿಟ್ಟು, ಮೇಲೆ ಕೆಂಡ ಹರಡಿದೆ. ಮುಚ್ಚಳದ ಹಿಡಿ ಗೋಡೆಯ ಕಡೆಗಿತ್ತು. ಇಂಥವನ್ನೆಲ್ಲ ಗಮನಿಸುವುದು ನನಗೊಂದು ಅಭ್ಯಾಸ.

ಅಷ್ಟರಲ್ಲಿ ಒಳಗಿನಿಂದ ನಾದಿನಿಯ ಓಕರಿಕೆ ಕೇಳಿಸಿತು. ಕೈ ಒರಸಿಕೊಳ್ಳುತ್ತ ಓಡಿದೆ.

“ಹೋಗು, ಹೋಗು, ನಾ ಕಾವಲು ಇರ್ತೆ” ಎಂದರು ಕಾಕಾ. ಎಷ್ಟು ಮೃದುವಾಗಿ! ಆ ಮೃದುತ್ವಕ್ಕೇ ನಾನು ಎಚ್ಚರಗೊಳ್ಳಬೇಕಿತ್ತು.

ಅವಳ ಬೆನ್ನು ನೀವಿ, ಮುಖ ತೊಳೆಸಿ, ಮಲಗಿಸಿ ಹಿಂದಿರುಗಿದೆ. ಕಾಕಾ ಮಣೆಯ ಮೇಲೆ ಕಣ್ಣು ಮುಚ್ಚಿ ಕೂತಿದ್ದರು, ಜಪಕ್ಕೆ ಕೂತವರ ಹಾಗೆ. ಆದರೆ ಮುಚ್ಚಳದ ಹಿಡಿ ಬಾಗಿಲ ಕಡೆಗೆ ತಿರುಗಿತ್ತು! ಒಂದು ಕೆಂಡ ನೆಲಕ್ಕೆ ಬಿದ್ದು ಆರುತ್ತಿತ್ತು. ಒರಳುಕಲ್ಲಿನ ಬಳಿ ಶುಂಠಿಯ ಸಿಪ್ಪೆ. ಅಷ್ಟರಲ್ಲಿ ಜಪದ ನಡುವೆ ಕಾಕಾ “ಆಕ್ಷೀ!” ಎಂದರು. ಮತ್ತೊಮ್ಮೆ “ಆಕ್ಷೀ!”

“ಕಾಕಾ, ಮೆಣಸು ಕುಟ್ಟಿದಿರಾ?”

“ಥಂಡಿ, ಮಾರಾಯ್ತಿ. ಗಾಳಿ ನೋಡು ಹ್ಯಾಂಗೆ ಬೀಸ್ತದೆ.”

ಗಾಳಿಯಂತೆ! ಗಾಳಿಗೆ ಶುಂಠಿ ಸುಲಿಯಲು ಬರುತ್ತದೆಯೇ? ನನಗೆ ಅಳುವೇ ಬಂತು. ಒಳಗೆ ಏನು ಸುರಿದಿದ್ದಾರೆ, ಎಷ್ಟು ಸುರಿದಿದ್ದಾರೆ? ಒಂದು ಚಮಚ ನೆಕ್ಕಿದರೆ ತಿಳಿಯುತ್ತಿತ್ತು, ನೆಕ್ಕುವ ಹಾಗಿಲ್ಲ. ಮೂಸಿದರೂ ತಿಳಿಯುತ್ತಿತ್ತು, ಮೂಸುವ ಹಾಗಿಲ್ಲ! ಕಳ್ಳನೇ ಬಾಗಿಲಿಗೆ ಬೀಗ ಹಾಕಿ ಕಾವಲು ಕೂತಿದ್ದ. ಒಂದು ಹುಡುಗಿಯ ಜೀವದ ವಿಷಯ, ಇವರಿಗೆ ತಮ್ಮ ಅಬ್ಬೆಯ ಮೆಣಸಿನ ಚಿಂತೆ! ಇಷ್ಟು ದಿನಗಳಲ್ಲಿ ಅವಳು ಬಾಯಿಬಿಟ್ಟು ಕೇಳಿದ್ದು ಇದೊಂದನ್ನೇ. ಇದೂ ಹೊರಗೆ ಬಂದರೆ ಇನ್ನೇನನ್ನು ಕೊಡಲಿ?

ಬೆಂದ ಮೇಲೆ ದೇವರ ಮುಂದಿಟ್ಟೆವು. ಎಲ್ಲರಿಗಿಂತ ಮೊದಲು ರುಚಿ ನೋಡಿದವನು ದೇವರೊಬ್ಬನೇ. ಅವನು ಏನೂ ಹೇಳಲಿಲ್ಲ.

ಬಾಳೆಲೆಯ ತುಂಡಿನಲ್ಲಿ ಒಂದಿಷ್ಟು ಹಾಕಿ ನಾದಿನಿಗೆ ಕೊಟ್ಟೆ. ಅಂಚು ಕೆಂಪಗಾಗಿ, ಬೆಲ್ಲ ಅಂಟಂಟಾಗಿ ನೋಡಲು ಚೆನ್ನಾಗಿಯೇ ಇತ್ತು. ನಡುನಡುವೆ ಕರಿಯ ಚುಕ್ಕೆಗಳು. ಅವು ಏಲಕ್ಕಿಯಲ್ಲ ಎಂಬುದು ನನಗೆ ಗೊತ್ತಿತ್ತು. ಕಾಕಾ ಬಾಗಿಲ ಚೌಕಟ್ಟು ಹಿಡಿದು ನಿಂತಿದ್ದರು. ಅವಳು ಒಂದು ಬಿಲ್ಲೆ ಬಾಯಿಗಿಟ್ಟಳು. ಹುಬ್ಬು ಗಂಟಾಯಿತು. ನಾನು ತಟ್ಟನೆ ಬೋಗುಣಿ ಮುಂದೆ ಹಿಡಿದೆ.

ಅವಳು ಬೋಗುಣಿಯನ್ನು ದೂಡಿದಳು.

“ಮೊದಲು ಸೀ ಆಗ್ತದೆ” ಎಂದಳು ಮೆಲ್ಲಗೆ. “ಆಮೇಲೆ ಉಪ್ಪು. ಕೊನೆಗೆ ಗಂಟಲಲ್ಲಿ ಸ್ವಲ್ಪ ಸುಡ್ತದೆ. ಸುಟ್ಟದ್ದಕ್ಕೆ ಓಕರಿಕೆ ಅಲ್ಲೇ ನಿಂತ ಹಾಂಗಾಯ್ತು. ಇನ್ನೊಂದು ಕೊಡಿ.”

ಇನ್ನೊಂದು ಕೊಟ್ಟೆ. ಮತ್ತೊಂದು ಕೊಟ್ಟೆ. ನಾವು ಕಾದೆವು. ಏನೂ ಹೊರಗೆ ಬರಲಿಲ್ಲ.

“ಕಂಡ್ಯಾ, ಮೆಣಸು!” ಎಂದರು ಕಾಕಾ.

“ಬೆಲ್ಲ!” ಎಂದೆ ನಾನು. ಇದಿರು ಮಾತಾಡಬಾರದೆಂಬ ಪಾಠ ಆ ಕ್ಷಣಕ್ಕೆ ಮರೆತೇಹೋಗಿತ್ತು.

“ಬೆಲ್ಲ ತಿಂದು ಯಾರ ವಾಂತಿ ನಿಂತದ್ದುಂಟು?”

“ಬರೀ ಮೆಣಸನ್ನು ಯಾರು ನುಂಗುತ್ತಿದ್ದರು, ಕಾಕಾ?”

“ಇಬ್ರೂ ಹೊರಗೆ ಹೋಗಿ ಜಗಳಾಡಿ” ಎಂದಳು ನಾದಿನಿ. “ತಪ್ಪಲೆ ಇಲ್ಲೇ ಇರ್ಲಿ.”

ಅವಳು ತಿಂದು, ಸೆರಗಿನಿಂದ ಬಾಯಿ ಒರಸಿಕೊಂಡು, ಗೋಡೆಯ ಕಡೆ ತಿರುಗಿ ನಿದ್ದೆ ಹೋದಳು. ನನಗೆ ಕೈಮುಗಿಯುವಷ್ಟು ಸಂತೋಷವಾಯಿತು. ಆದರೆ ಆ ಸಂತೋಷವನ್ನು ಕಾಕಾ ನನ್ನ ಪಾಲಿಗೆ ಉಳಿಯಗೊಡಲಿಲ್ಲ. ಮಧ್ಯಾಹ್ನ ಊಟಕ್ಕೆ ಕೂತವರು ಉಳಿದ ಗೆಣಸನ್ನೆಲ್ಲ ಎಲೆಗೆ ಹಾಕಿಸಿಕೊಂಡರು. ತಳಕ್ಕೆ ಹತ್ತಿದ್ದನ್ನೂ ಕೆರೆಸಿ ತಿಂದರು. ಆಮೇಲೆ ಅನ್ನ ಕೇಳಿದರು. ಸಾರು ಕೇಳಿದರು. ನೀರೂ ಅಲ್ಲದ ಬೆಂಕಿಯೂ ಅಲ್ಲದ ಅದೇ ಸಾರು! ಎಲೆ ಬೋಳಾಯಿತು. ಏಳುವಾಗ, “ಮುಂದಿನ ಸಲ ಬೆಲ್ಲ ಒಂಚೂರು ಕಮ್ಮಿ” ಎಂದು ಹೇಳಿ ಕೈ ತೊಳೆಯಲು ಹೋದರು.

ನನ್ನ ಮೈಯೆಲ್ಲ ಉರಿಯಿತು. ಹಾಗಾದರೆ ಇಷ್ಟು ದಿನ ನನ್ನ ಅಡುಗೆಯಲ್ಲಿ ಇದ್ದ ದೋಷ ಅವರ ಕೈ ಅದರಲ್ಲಿ ಇಲ್ಲದಿದ್ದದ್ದು ಒಂದೇ! ಕದ್ದು ಒಂದು ಹಿಡಿ ಮೆಣಸು ಹಾಕಿದ ಕೂಡಲೇ ಮನೆಯ ಅಡುಗೆಯೆಲ್ಲ ಅಮೃತವಾಯಿತೇ? ಸಂಜೆ ಯಜಮಾನರು ಬಂದ ಕೂಡಲೇ ಸ್ಪಷ್ಟವಾಗಿ ಹೇಳಿಬಿಡಬೇಕು ಎಂದುಕೊಂಡೆ: ಒಂದೋ ಹೊಸ್ತಿಲಿನ ಮಣೆ ಹೋಗಬೇಕು, ಇಲ್ಲವೇ ಸೌಟು ನಾನು ಕೆಳಗಿಡುತ್ತೇನೆ. ಮಾತುಗಳನ್ನು ಮನಸ್ಸಿನಲ್ಲಿ ಒಂದೊಂದಾಗಿ ಜೋಡಿಸುತ್ತ, ಹೊತ್ತಿಳಿದ ಮೇಲೆ ಹಿತ್ತಿಲಿಗೆ ಹೋಗಿ ಒಣಗಿದ ಬಟ್ಟೆ ತೆಗೆಯತೊಡಗಿದೆ.

ಬೇಲಿಯಾಚೆ ಪಕ್ಕದ ಮನೆಯೊಡತಿ ಚಾಪೆಯ ಮೇಲಿನ ಒಣಮೆಣಸು ಬಾಚುತ್ತಿದ್ದರು. ತಲೆಯನ್ನೂ ಎತ್ತದೆ ಹೇಳಿದರು:

“ನಾಳೆಯಿಂದ ನಮ್ಮಲ್ಲಿ ಅಕ್ಕಿ ಒಂದು ಹಿಡಿ ಕಮ್ಮಿ ಹಾಕೂದಾಯ್ತು, ವೈನೀ. ನಿಮ್ಮ ಕಾಕಾ ಈಗ ಬಂದು ಹೇಳಿ ಹೋದ್ರು, ಇನ್ನು ಗಂಜಿ ಬೇಡ, ಹುಡುಗಿ ಉಂಡ್ಲು ಹೇಳಿ. ಇಷ್ಟು ದಿನ ನಮ್ಮ ಹಿಂದಿನ ಜಗಲಿ ಮೇಲೆ ಕೂತು ಬರೀ ತಿಳಿಗಂಜಿ ಕುಡಿದು ಹೋಗ್ತಿದ್ರಲ್ಲ, ಅವಳಿಗೆ ಇಳಿಯದ್ದು ನನಗೂ ಇಳಿಯೂದಿಲ್ಲ ಹೇಳಿ. ಮನೇಲೇ ಕುಡೀರಲ್ಲ ಅಂತ ನಾ ಕೇಳಿದ್ರೆ, ಸೊಸೆ ಕೈ ಅಡುಗೆ ಎದುರಿಗೆ ಕೂತ್ರೆ ನಾಲಗೆ ಕೇಳೂದಿಲ್ಲ, ಎಂತಾರೂ ಬೈದು ಎದ್ದು ಬಂದ್ರೇ ಸಮಾ ಅಂತಿದ್ರು.”